ಹತ್ತು ವರ್ಷದ ವೆಂಟೋಗೆ ಕ್ರೂಸ್ ಕಂಟ್ರೋಲ್ ಹಾಕಿಸಿದ್ದು: ಆರು ತಿಂಗಳು ಓಡಿಸಿದ ಮೇಲೆ

ಮೊದಲು ಗಾಡಿ ಯಾವುದು ಎಂದು ಹೇಳಿಬಿಡುತ್ತೇನೆ. ಈ ಕೆಲಸ ಆಗುತ್ತದೋ ಇಲ್ಲವೋ ಎನ್ನುವುದು ಅದರ ಮೇಲೆಯೇ ನಿಂತಿದೆ. ನಮ್ಮದು 2015ರ ಫೋಕ್ಸ್‌ವ್ಯಾಗನ್ ವೆಂಟೋ. 1.5 ಲೀಟರ್ ಟಿಡಿಐ ಡೀಸೆಲ್, ಐದು ಗೇರಿನ ಮ್ಯಾನ್ಯುಯಲ್, ಕಂಫರ್ಟ್‌ಲೈನ್ ಮಾಡೆಲ್. ಕ್ರೂಸ್ ಕಂಟ್ರೋಲ್ ಎಂದರೆ ಆಕ್ಸಲರೇಟರ್ ಮೇಲೆ ಕಾಲಿಡದೆಯೇ ಗಾಡಿಯನ್ನು ಒಂದೇ ವೇಗದಲ್ಲಿ ಹಿಡಿದಿಡುವ ಸೌಲಭ್ಯ. ಮೇಲಿನ ಹೈಲೈನ್ ಮಾಡೆಲ್‌ಗೆ ಅದೇ ವರ್ಷ ಅದು ಬಂದಿತ್ತು, ನಮ್ಮದಕ್ಕೆ ಇರಲಿಲ್ಲ. ಆಗ ಅದು ಬೇಕು ಅನ್ನಿಸಿರಲೂ ಇಲ್ಲ. ಗಾಡಿ ಈಗ 1,12,000 ಕಿಲೋಮೀಟರ್ ದಾಟಿದೆ. ಇಂಜಿನ್ ಗಟ್ಟಿಯಾಗಿದೆ, ಸೀಟು ಚೆನ್ನಾಗಿದೆ. ಮಾರುವ ಯೋಚನೆ ಇಲ್ಲ.

ಬೇಕು ಅನ್ನಿಸಿದ್ದು ಮೊಣಕಾಲಿನಿಂದ. ಹೋದ ವರ್ಷ ಸ್ಕೂಟರ್ ಜಾರಿ ಬಿದ್ದು ಬಲ ಮೊಣಕಾಲಿನ ಲಿಗಮೆಂಟ್‌ಗೆ ಪೆಟ್ಟಾಯಿತು. ಫಿಸಿಯೋಥೆರಪಿ ಎಲ್ಲ ಮುಗಿಯಿತು, ಓಡಾಡಲು ತೊಂದರೆ ಇಲ್ಲ. ಆದರೆ ಕಾಲನ್ನು ಒಂದೇ ಕೋನದಲ್ಲಿ ಗಂಟೆಗಟ್ಟಲೆ ಹಿಡಿದು ಕೂತರೆ ಮಂಡಿಯ ಒಳಗೆ ಒಂದು ನೋವು ಶುರುವಾಗುತ್ತದೆ. ಆಮೇಲೆ ಎರಡು ದಿನ ಬಿಡುವುದಿಲ್ಲ.

ನಮ್ಮ ಅತ್ತೆ ರಾಣೆಬೆನ್ನೂರಿನಲ್ಲಿ ಒಬ್ಬರೇ ಇದ್ದಾರೆ. ಎರಡು ವಾರಕ್ಕೊಮ್ಮೆ ಶನಿವಾರ ಬೆಳಿಗ್ಗೆ ನಾವು ಯಶವಂತಪುರದಿಂದ ಹೊರಡುತ್ತೇವೆ. ಹೋಗುವಾಗ ಹೆಚ್ಚುಕಡಿಮೆ 300 ಕಿಲೋಮೀಟರ್, ಭಾನುವಾರ ವಾಪಸ್ ಬರುವಾಗ ಅಷ್ಟೇ. ಕೆಲವು ಸಲ ಅತ್ತೆಯೂ ಜೊತೆಗೆ ಬರುತ್ತಾರೆ. ನಮ್ಮೆಜಮಾನರಿಗೆ ಡ್ರೈವಿಂಗ್ ಬರುವುದಿಲ್ಲ. ಮನೆಯಲ್ಲಿ ಗಾಡಿ ಓಡಿಸುವವಳು ನಾನೊಬ್ಬಳೇ. ತುಮಕೂರಿನವರೆಗೆ ಟ್ರಾಫಿಕ್ ಇರುವುದರಿಂದ ಕಾಲು ಹೇಗೋ ಆಡುತ್ತಿರುತ್ತದೆ. ಶಿರಾ ದಾಟಿದ ಮೇಲೆ ರಸ್ತೆ ನೇರ. ಅಲ್ಲಿಂದ ಹಿರಿಯೂರು, ಚಿತ್ರದುರ್ಗ, ದಾವಣಗೆರೆ. ಪೆಡಲ್ ಮೇಲೆ ಪಾದ ಇಟ್ಟರೆ ಇಟ್ಟ ಹಾಗೇ. ದುರ್ಗದ ಬೆಟ್ಟದ ಗಾಳಿಯಂತ್ರಗಳು ಕಾಣುವ ಹೊತ್ತಿಗೆ ನನ್ನ ಮಂಡಿ ಮಾತಾಡಲು ಶುರುಮಾಡಿರುತ್ತಿತ್ತು. ಹರಿಹರ ದಾಟುವಾಗ ನಾನು ಯಾರ ಜೊತೆಯೂ ಮಾತಾಡುತ್ತಿರಲಿಲ್ಲ.

ಡ್ರೈವರ್ ಇಟ್ಟುಕೊಳ್ಳಿ ಎಂದರು ಕೆಲವರು. ಆಟೋಮ್ಯಾಟಿಕ್ ತಗೊಳ್ಳಿ ಎಂದರು ಇನ್ನು ಕೆಲವರು. ಆಟೋಮ್ಯಾಟಿಕ್‌ನಲ್ಲೂ ಬಲಗಾಲು ಆಕ್ಸಲರೇಟರ್ ಮೇಲೇ ಇರಬೇಕು, ಅಲ್ವಾ? ನನ್ನ ತೊಂದರೆ ಇದ್ದದ್ದು ಅಲ್ಲಿ.

ವಿಚಾರಿಸಲು ಹೋದ ಮೊದಲ ಜಾಗ ಎಲ್ಲ ಕಂಪನಿಯ ಗಾಡಿಗಳನ್ನೂ ನೋಡುವ ಒಂದು ದೊಡ್ಡ ಗ್ಯಾರೇಜು. ಕೌಂಟರಿನಲ್ಲಿದ್ದವರು ಗಾಡಿಯ ಹತ್ತಿರ ಕೂಡ ಬರಲಿಲ್ಲ. "ಈ ಮಾಡೆಲ್‌ಗೆ ಬರಲ್ಲ ಮೇಡಂ" ಎಂದರು. ಯಾಕೆ ಬರಲ್ಲ ಎಂದು ಕೇಳಿದೆ. "ಬರಲ್ಲ ಅಂದ್ರೆ ಬರಲ್ಲ" ಎಂದರು. ನನಗೆ ಬೇಜಾರಾಗಿದ್ದು ಆಗುವುದಿಲ್ಲ ಎಂದಿದ್ದಕ್ಕಲ್ಲ. ಗೊತ್ತಿಲ್ಲ ಎನ್ನಬೇಕಾದ ಕಡೆ ಆಗುವುದಿಲ್ಲ ಎಂದರಲ್ಲ, ಅದಕ್ಕೆ.

ಎರಡನೆಯದು ಆಕ್ಸೆಸರೀಸ್ ಅಂಗಡಿ. ಅವರು ಉಲ್ಟಾ. ಯಾವ ಗಾಡಿಗೆ ಬೇಕಾದರೂ ಎರಡು ಗಂಟೆಯಲ್ಲಿ ಹಾಕಿಕೊಡುತ್ತೇವೆ ಎಂದರು. 18,000 ರೂಪಾಯಿ. ಅವರು ತೋರಿಸಿದ್ದು ಒಂದು ಪುಟ್ಟ ಡಬ್ಬಿ ಮತ್ತು ಡ್ಯಾಶ್‌ಬೋರ್ಡ್ ಮೇಲೆ ಅಂಟಿಸುವ ಒಂದು ಸ್ವಿಚ್ ಪ್ಯಾಡ್. ಈಗಿನ ಗಾಡಿಗಳಲ್ಲಿ ಆಕ್ಸಲರೇಟರ್‌ಗೆ ಕೇಬಲ್ ಇರುವುದಿಲ್ಲ. ಪೆಡಲ್ ಎಷ್ಟು ಒತ್ತಿದ್ದೀರಿ ಎನ್ನುವುದು ಕರೆಂಟಿನ ಸಿಗ್ನಲ್ ಆಗಿ ಇಂಜಿನ್ ಇಸಿಯುಗೆ, ಅಂದರೆ ಇಂಜಿನ್ ನಡೆಸುವ ಕಂಪ್ಯೂಟರ್‌ಗೆ ಹೋಗುತ್ತದೆ. ಈ ಡಬ್ಬಿ ಪೆಡಲ್ ಮತ್ತು ಇಸಿಯು ಮಧ್ಯೆ ಕೂತು, ಪೆಡಲ್ ಒತ್ತಿದ ಹಾಗೆ ತಾನೇ ಸಿಗ್ನಲ್ ಕೊಡುತ್ತದೆ. ಇಸಿಯುನಲ್ಲಿ ಕ್ರೂಸ್ ಇಲ್ಲವೇ ಇಲ್ಲದ ಗಾಡಿಗಳಿಗೆ ಇದೊಂದೇ ದಾರಿ, ಚೆನ್ನಾಗಿ ಕೂರಿಸಿದರೆ ಕೆಲಸವನ್ನೂ ಮಾಡುತ್ತದೆ. ಆದರೆ ಬ್ರೇಕ್ ಸಿಗ್ನಲ್ ಎಲ್ಲಿಂದ ತೆಗೆದುಕೊಳ್ಳುತ್ತೀರಿ ಎಂದು ಕೇಳಿದೆ. ಬ್ರೇಕ್ ಲೈಟಿನ ವೈರ್ ಸುಲಿದು ಸುತ್ತಿಬಿಡುತ್ತೇವೆ ಎಂದರು. ಕ್ಲಚ್‌ಗೆ? ಅದು ಬೇಕಾಗಲ್ಲ ಎಂದರು. ನಾನು ಅಲ್ಲಿಂದ ಎದ್ದು ಬಂದೆ.

ಮೂರನೆಯವರೇ ನನಗೆ ಈ ಕೆಲಸ ಮಾಡಿಕೊಟ್ಟವರು. ಪೀಣ್ಯದ ಕಡೆ ಒಂದು ಸಣ್ಣ ಶೆಡ್. ಎರಡು ಗಾಡಿ ನಿಲ್ಲುವಷ್ಟು ಜಾಗ, ಒಂದು ರ್‍ಯಾಂಪ್. ಅವರು ಮತ್ತು ಒಬ್ಬ ಹುಡುಗ, ಅಷ್ಟೇ. ಹೆಸರು ಬರೆಯಬೇಡಿ ಎಂದು ಅವರೇ ಕೇಳಿಕೊಂಡರು. ಈಗಲೇ ಬರುವ ಫೋನುಗಳಿಗೆ ಉತ್ತರ ಕೊಡಲು ಆಗುತ್ತಿಲ್ಲವಂತೆ. ಅವರ ಮಾತಿಗೆ ಬೆಲೆ ಕೊಟ್ಟು ಬರೆಯುತ್ತಿಲ್ಲ. ಆದರೆ ಅವರು ಕೆಲಸ ಮಾಡಿದ ರೀತಿ ಪೂರ್ತಿ ಬರೆಯುತ್ತೇನೆ. ಬೇರೆ ಯಾರ ಹತ್ತಿರ ಮಾಡಿಸಿದರೂ ಹೀಗೆ ಮಾಡುತ್ತಾರಾ ಎಂದು ನೀವು ನೋಡಿಕೊಳ್ಳಬಹುದು.

ಅವರು ಮೊದಲು ಮಾಡಿದ ಕೆಲಸ ದುಡ್ಡಿನ ಮಾತಲ್ಲ. ಸ್ಟೇರಿಂಗ್ ಕೆಳಗಿನ ಸಾಕೆಟ್‌ಗೆ ಕೇಬಲ್ ಸಿಕ್ಕಿಸಿ, ಲ್ಯಾಪ್‌ಟಾಪಿನಲ್ಲಿ ವಿಸಿಡಿಎಸ್ ತೆರೆದು, ನನ್ನ ಗಾಡಿಯ ಇಸಿಯು ಯಾವ ನಂಬರಿನದು ಎಂದು ನೋಡಿದರು. ವಿಸಿಡಿಎಸ್ ಎಂದರೆ ಫೋಕ್ಸ್‌ವ್ಯಾಗನ್, ಸ್ಕೋಡಾ, ಆಡಿ ಗಾಡಿಗಳ ಕಂಪ್ಯೂಟರ್‌ಗಳ ಜೊತೆ ಮಾತಾಡುವ ಸಾಫ್ಟ್‌ವೇರ್. ಆಮೇಲೆ ನನ್ನನ್ನು ಪಕ್ಕಕ್ಕೆ ಕರೆದು ತೋರಿಸಿದರು. "ನೋಡಿ ಮೇಡಂ, ಹೈಲೈನ್‌ಗೂ ನಿಮ್ಮ ಗಾಡಿಗೂ ಇಂಜಿನ್ ಒಂದೇ. ಒಳಗೆ ಕ್ರೂಸ್ ಪ್ರೋಗ್ರಾಂ ಇದೆ, ಮಲಗಿದೆ. ಎಬ್ಬಿಸೋದು ಸುಲಭ. ಅದಕ್ಕೆ ಕೈಕಾಲು ಜೋಡಿಸೋದೇ ಕೆಲಸ."

ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಯಾಕೆಂದರೆ ಕ್ರೂಸ್ ಎಂದರೆ ಗಾಡಿಗೆ ಏನೋ ದೊಡ್ಡ ಮೆಷಿನ್ ಸೇರಿಸುವುದು ಎಂದು ನಾನೂ ಅಂದುಕೊಂಡಿದ್ದೆ. ಹಾಗಲ್ಲ. ಗಾಡಿ ಎಷ್ಟು ವೇಗದಲ್ಲಿದೆ ಎನ್ನುವುದು ಚಕ್ರ ತಿರುಗುವ ವೇಗ ನೋಡುವ ಎಬಿಎಸ್ ಸೆನ್ಸರ್‌ಗಳಿಂದ ಇಸಿಯುಗೆ ಮೊದಲೇ ಗೊತ್ತಿರುತ್ತದೆ. ಡೀಸೆಲ್ ಎಷ್ಟು ಬಿಡಬೇಕು ಎನ್ನುವುದೂ ಅದರ ಕೈಯಲ್ಲೇ ಇದೆ. ನೀವು 85ಕ್ಕೆ ಹಿಡಿ ಎಂದರೆ, ಏರು ಬಂದಾಗ ಡೀಸೆಲ್ ಜಾಸ್ತಿ ಬಿಡುತ್ತದೆ, ತಗ್ಗು ಬಂದಾಗ ಕಡಿಮೆ ಮಾಡುತ್ತದೆ. ಇಲ್ಲದೆ ಇದ್ದದ್ದು, ಆ 85 ಎನ್ನುವುದನ್ನು ಅದಕ್ಕೆ ಹೇಳುವ ಸ್ವಿಚ್. ಜೊತೆಗೆ ಆ ಸ್ವಿಚ್‌ನಿಂದ ಹೊರಡುವ ವೈರುಗಳು. ಹೈಲೈನ್‌ನಲ್ಲಿ ಇದು ಎಡಗಡೆಯ ಇಂಡಿಕೇಟರ್ ಲಿವರ್ ಮೇಲೆಯೇ ಬರುತ್ತದೆ. ಲಿವರ್ ಮೇಲೆ ಆನ್, ಕ್ಯಾನ್ಸಲ್, ಆಫ್ ಎಂದು ಜಾರಿಸುವ ಒಂದು ಗುಂಡಿ. ಇನ್ನೊಂದು ಗುಂಡಿಯಲ್ಲಿ ಒಂದು ಕಡೆ ಸೆಟ್, ಇನ್ನೊಂದು ಕಡೆ ರೆಸ್ಯೂಮ್, ಅಂದರೆ ಹಿಂದೆ ಸೆಟ್ ಮಾಡಿದ್ದ ವೇಗಕ್ಕೇ ಮತ್ತೆ ಹೋಗು ಎನ್ನುವುದು.

ಎಡಗಡೆ ಲಿವರ್ ಇರುವ ಆ ಸ್ವಿಚ್ಚನ್ನು ಅವರು ಹೊಸದೇ ತರಿಸಿದರು. ಗುಜರಿಯಲ್ಲಿ ಅರ್ಧ ರೇಟಿಗೆ ಸಿಗುತ್ತದೆ, ಆದರೆ ಗಾಡಿ ಯಾವ ನೀರಿನಲ್ಲಿ ಮುಳುಗಿತ್ತೋ ಗೊತ್ತಿರುವುದಿಲ್ಲ ಎಂದರು. ಬರಲು ಒಂಬತ್ತು ದಿನ ಹಿಡಿಯಿತು.

ಕೆಲಸದ ದಿನ ನಾನು ಬೆಳಿಗ್ಗೆ ಹತ್ತಕ್ಕೆ ಹೋಗಿ ಅಲ್ಲೇ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತೆ. ಅವರು ಬೇಡ ಎನ್ನಲಿಲ್ಲ. ಮೊದಲು ಬ್ಯಾಟರಿ ಕಳಚಿ ಟೀ ಕುಡಿಯಲು ಹೋದರು. ನನಗೆ ವಿಚಿತ್ರ ಅನ್ನಿಸಿತು. ಕೇಳಿದಾಗ ಹೇಳಿದರು: ಸ್ಟೇರಿಂಗ್ ಏರ್‌ಬ್ಯಾಗ್ ಬಿಚ್ಚಬೇಕು, ಬ್ಯಾಟರಿ ತೆಗೆದ ಮೇಲೂ ಅದರ ಸರ್ಕ್ಯೂಟ್‌ನಲ್ಲಿ ಸ್ವಲ್ಪ ಹೊತ್ತು ಕರೆಂಟ್ ಉಳಿದಿರುತ್ತದೆ, ಅದು ಇಳಿಯುವವರೆಗೆ ಮುಟ್ಟಬಾರದು. ವಾಪಸ್ ಬಂದು, ಸ್ಟೇರಿಂಗ್ ಹಿಂದಿನ ಕಿಂಡಿಯಲ್ಲಿ ಸ್ಕ್ರೂಡ್ರೈವರ್ ತೂರಿಸಿ ಕ್ಲಿಪ್ ಬಿಡಿಸಿ ಏರ್‌ಬ್ಯಾಗ್ ತೆಗೆದರು. ಅದನ್ನು ಬೆಂಚಿನ ಮೇಲೆ ಮುಖ ಮೇಲಾಗಿ ಇಟ್ಟರು. ಅಪ್ಪಿತಪ್ಪಿ ಸಿಡಿದರೆ ಬರೀ ಬ್ಯಾಗು ಮೇಲಕ್ಕೆ ಉಬ್ಬುತ್ತದೆ. ಮುಖ ಕೆಳಗಾಗಿ ಇಟ್ಟಿದ್ದರೆ ಆ ಲೋಹದ ತುಂಡೇ ಹಾರುತ್ತದೆ. ಹುಡುಗನಿಗೆ ಅದರ ಹತ್ತಿರ ಸುಳಿಯಬೇಡ ಎಂದು ಎರಡು ಸಲ ಹೇಳಿದರು. ಈ ಮನುಷ್ಯನ ಕೈಗೆ ಗಾಡಿ ಕೊಡಬಹುದು ಎಂದು ನನಗೆ ಧೈರ್ಯ ಬಂದದ್ದು ಆಗ.

ಸ್ಟೇರಿಂಗ್ ನೇರ ನಿಲ್ಲಿಸಿ, ನಡುವಿನ ಬೋಲ್ಟ್ ಬಿಚ್ಚುವ ಮೊದಲು ವೀಲ್‌ಗೂ ರಾಡ್‌ಗೂ ಬಿಳಿ ಪೇಂಟಿನಿಂದ ಗುರುತು ಮಾಡಿದರು. ವೀಲ್ ತೆಗೆದ ಮೇಲೆ ಒಳಗಿರುವ ಕ್ಲಾಕ್ ಸ್ಪ್ರಿಂಗ್ ತಿರುಗದ ಹಾಗೆ ಟೇಪ್ ಸುತ್ತಿದರು. ಅದು ಸುರುಳಿ ಸುತ್ತಿದ ತೆಳ್ಳನೆಯ ವೈರ್ ಪಟ್ಟಿ. ಏರ್‌ಬ್ಯಾಗಿಗೂ ಹಾರ್ನಿಗೂ ಕರೆಂಟ್ ಹೋಗುವುದು ಅದರ ಮೂಲಕ. ನಡು ತಪ್ಪಿಸಿ ಕೂರಿಸಿದರೆ, ಎಂದೋ ಒಂದು ದಿನ ಸ್ಟೇರಿಂಗ್ ಪೂರ್ತಿ ತಿರುಗಿಸಿದಾಗ ಹರಿದುಹೋಗುತ್ತದೆ. ಹಳೆಯ ಸ್ವಿಚ್ ಹೊರಗೆ, ಹೊಸದು ಒಳಗೆ. ಅದರ ಪ್ಲಗ್‌ನ ಖಾಲಿ ತೂತುಗಳಿಗೆ ಹೊಸ ಪಿನ್ ಒತ್ತಿ, ವೈರುಗಳನ್ನು ಬಟ್ಟೆ ಟೇಪಿನಲ್ಲಿ ಕಟ್ಟಿ, ಕಂಪನಿಯ ವೈರಿಂಗ್ ಹೋಗಿರುವ ದಾರಿಯಲ್ಲೇ ಬಾನೆಟ್ ಒಳಗೆ ತಂದು ಇಸಿಯು ಪ್ಲಗ್‌ಗೆ ಸೇರಿಸಿದರು. ಎಲ್ಲೂ ಒಂದು ವೈರ್ ಕತ್ತರಿಸಲಿಲ್ಲ, ಸುಲಿಯಲಿಲ್ಲ. ನಾಳೆ ಬೇಡ ಎಂದರೆ ಪಿನ್ ಎಳೆದು ಮೊದಲಿನಂತೆ ಮಾಡಬಹುದು. ಮಧ್ಯಾಹ್ನ ಎರಡಕ್ಕೆ ಎಲ್ಲ ಜೋಡಿಸಿ ಆಗಿತ್ತು.

ಲ್ಯಾಪ್‌ಟಾಪಿನಲ್ಲಿ ಕ್ರೂಸ್ ಎಬ್ಬಿಸಲು ನಿಜವಾಗಿ ಐದು ನಿಮಿಷವೂ ಬೇಕಾಗಲಿಲ್ಲ. ಹೊರಗೆ ತುಂಬಾ ಜನ ದುಡ್ಡು ಕೇಳುವುದು ಈ ಐದು ನಿಮಿಷಕ್ಕೆ. ಇವರಿಗೆ ಮಾತ್ರ ಕೆಲಸ ಶುರುವಾಗಿದ್ದೇ ಅದಾದ ಮೇಲೆ.

ಗಾಡಿಯನ್ನು ರಸ್ತೆಗೆ ತೆಗೆಯುವ ಮೊದಲು ಅವರು ನನ್ನನ್ನು ಡ್ರೈವರ್ ಸೀಟಿನಲ್ಲಿ ಕೂರಿಸಿದರು. ಸ್ಕ್ರೀನ್ ಮೇಲೆ ಪೆಡಲ್‌ಗಳ ಸ್ವಿಚ್‌ಗಳು ಲೈವ್ ಆಗಿ ಕಾಣುತ್ತಿದ್ದವು. ಬ್ರೇಕ್ ಒತ್ತಿ ಎಂದರು. ಒತ್ತಿದೆ. ಎರಡು ಅಂಕಿ ಬದಲಾದವು. ಬ್ರೇಕ್ ಪೆಡಲ್‌ನಿಂದ ಇಸಿಯುಗೆ ಒಂದಲ್ಲ, ಎರಡು ಸಿಗ್ನಲ್ ಹೋಗುತ್ತದಂತೆ. ಒಂದು ಕೆಟ್ಟರೂ ಇನ್ನೊಂದು ಹೇಳಬೇಕು ಎನ್ನುವುದಕ್ಕೆ. ಎರಡೂ ಒಂದನ್ನೊಂದು ಒಪ್ಪದಿದ್ದರೆ ಇಸಿಯು ಕ್ರೂಸ್ ಕೊಡುವುದೇ ಇಲ್ಲ. ಆಮೇಲೆ ಕ್ಲಚ್ ಒತ್ತಿ ಎಂದರು. ಒತ್ತಿದೆ. ಏನೂ ಬದಲಾಗಲಿಲ್ಲ. ಮತ್ತೆ ಒತ್ತಿದೆ. ಇಲ್ಲ. ಮೂರನೇ ಸಲ ಬದಲಾಯಿತು, ನಾಲ್ಕನೇ ಸಲ ಮತ್ತೆ ಇಲ್ಲ.

ಕ್ಲಚ್ ಪೆಡಲಿನ ಹತ್ತಿರ ಒಂದು ಪುಟ್ಟ ಸ್ವಿಚ್ ಇರುತ್ತದೆ. ಹತ್ತು ವರ್ಷ, ಲಕ್ಷದ ಮೇಲೆ ಕಿಲೋಮೀಟರ್. ಬೆಂಗಳೂರಿನ ಟ್ರಾಫಿಕ್‌ನಲ್ಲಿ ದಿನಕ್ಕೆ ಎಷ್ಟು ಸಾವಿರ ಸಲ ಒತ್ತಿರುತ್ತೇನೋ. ಸವೆದಿತ್ತು. ಇದುವರೆಗೆ ಗೊತ್ತೇ ಆಗಿರಲಿಲ್ಲ, ಯಾಕೆಂದರೆ ಗಾಡಿ ಓಡುವುದಕ್ಕೆ ಏನೂ ತೊಂದರೆ ಇರಲಿಲ್ಲ. ಆದರೆ ಕ್ರೂಸ್ ಹಾಕಿಕೊಂಡು ಹೋಗುವಾಗ ಕ್ಲಚ್ ಒತ್ತಿದ್ದು ಇಸಿಯುಗೆ ಗೊತ್ತಾಗದಿದ್ದರೆ ಏನಾಗುತ್ತದೆ? ಇಂಜಿನ್‌ನ ಭಾರ ಒಮ್ಮೆಲೇ ಕಳಚಿಕೊಳ್ಳುತ್ತದೆ, ಡೀಸೆಲ್ ಬರುತ್ತಲೇ ಇರುತ್ತದೆ, ಇಂಜಿನ್ ಕಿರುಚುತ್ತದೆ. ಹೈವೇಯಲ್ಲಿ ಹಾಗಾದರೆ ಹೆದರಿ ಏನು ಮಾಡಿಬಿಡುತ್ತೇವೋ ಹೇಳಲು ಆಗುವುದಿಲ್ಲ.

ಅವರು ಆ ದಿನ ಕ್ರೂಸ್ ಆನ್ ಮಾಡಿಕೊಡಲಿಲ್ಲ. ನಾನು ಕೇಳಿದೆ. ಶನಿವಾರ ಊರಿಗೆ ಹೋಗಬೇಕು, ಸ್ವಿಚ್ ಮುಂದಿನ ವಾರ ಹಾಕಿಸುತ್ತೇನೆ, ಈಗ ಹಾಗೇ ಬಿಡಿ, ಬ್ರೇಕ್ ಒತ್ತಿಯೇ ಆಫ್ ಮಾಡುತ್ತೇನೆ ಎಂದೆ. ಅವರು ಒಪ್ಪಲಿಲ್ಲ. "ಅಕ್ಕ, ಆನ್ ಆಗೋದು ಯಾರು ಬೇಕಾದ್ರೂ ಮಾಡಿಕೊಡ್ತಾರೆ. ಆಫ್ ಆಗೋದು ನೂರಕ್ಕೆ ನೂರು ಆಗ್ಬೇಕು. ಇಲ್ದಿದ್ರೆ ನಂಗೆ ನಿದ್ದೆ ಬರಲ್ಲ" ಎಂದರು. ಮಾಡಿದ ಕೋಡಿಂಗ್ ವಾಪಸ್ ತೆಗೆದು ಗಾಡಿ ಕೊಟ್ಟರು. ಆ ಶನಿವಾರ ನಾನು ಹಳೆಯ ರೀತಿಯಲ್ಲೇ, ನೋಯುವ ಮಂಡಿಯಲ್ಲೇ ರಾಣೆಬೆನ್ನೂರಿಗೆ ಹೋಗಿ ಬಂದೆ. ಸಿಟ್ಟು ಬಂದಿತ್ತು ನಿಜ. ಈಗ ಆ ಸಿಟ್ಟಿಲ್ಲ. ಈ ಬರಹ ಬರೆಯಬೇಕು ಅನ್ನಿಸಿದ್ದೇ ಅವರು ಅವತ್ತು ಬೇಡ ಎಂದದ್ದಕ್ಕೆ.

ಮುಂದಿನ ಮಂಗಳವಾರ ಹೊಸ ಕ್ಲಚ್ ಸ್ವಿಚ್ ಬಂತು. ಹಾಕಿ, ಇಪ್ಪತ್ತು ಸಲ ಒತ್ತಿಸಿ, ಇಪ್ಪತ್ತಕ್ಕೆ ಇಪ್ಪತ್ತು ಸರಿ ಬಂದ ಮೇಲೆ ಕ್ರೂಸ್ ಮತ್ತೆ ಎಬ್ಬಿಸಿದರು. ನೆಲಮಂಗಲದ ಆಚೆಗೆ ಕರೆದುಕೊಂಡು ಹೋಗಿ ನನ್ನಿಂದಲೇ ಓಡಿಸಿದರು. 60ಕ್ಕೆ ಸೆಟ್ ಮಾಡಿಸಿ ಬ್ರೇಕ್‌ನಿಂದ ಬಿಡಿಸಿದರು, ಆಮೇಲೆ ಕ್ಲಚ್‌ನಿಂದ, ಆಮೇಲೆ ಲಿವರ್ ಮೇಲಿನ ಕ್ಯಾನ್ಸಲ್‌ನಿಂದ, ಆಮೇಲೆ ಪೂರ್ತಿ ಆಫ್. ಒಂದೊಂದೂ ಐದೈದು ಸಲ. ಸೆಟ್ ಆದಾಗ ಮೀಟರ್ ಒಳಗೆ ಒಂದು ಪುಟ್ಟ ಹಸಿರು ಗುರುತು ಹತ್ತುತ್ತದೆ. ಅದು ಮೊದಲ ಸಲ ಹತ್ತಿದಾಗ ನನಗೆ ಆದ ಖುಷಿ ಗಾಡಿ ಹೊಸದಾಗಿ ಮನೆಗೆ ತಂದ ದಿನ ಆಗಿತ್ತೋ ಇಲ್ಲವೋ.

ಊರಿಗೆ ಹೋದ ಮೊದಲ ಸಲ. ಕ್ಯಾತ್ಸಂದ್ರದಲ್ಲಿ ತಟ್ಟೆ ಇಡ್ಲಿ ತಿಂದು ಹೊರಟೆವು. ಕರ್ಜೀವನಹಳ್ಳಿ ಟೋಲ್ ದಾಟಿ ರಸ್ತೆ ಖಾಲಿ ಕಂಡಿತು. ಐದನೇ ಗೇರ್, 85, ಸೆಟ್. ಕಾಲು ತೆಗೆದೆ. ಪೆಡಲ್ ಮೇಲಿಂದ ತೆಗೆದು ಬ್ರೇಕ್‌ನ ಪಕ್ಕಕ್ಕೆ, ನೆಲದ ಮೇಲೆ. ಮಂಡಿಯನ್ನು ಸ್ವಲ್ಪ ಮಡಿಸಿದೆ, ಸ್ವಲ್ಪ ಚಾಚಿದೆ. ಇಷ್ಟೇ ಬೇಕಾಗಿತ್ತು ನನಗೆ. ಮೊದಲ ಹತ್ತು ನಿಮಿಷ ಭಯ ಇತ್ತು. ಕಾಲಿನ ಕೆಳಗೆ ಏನೂ ಇಲ್ಲದೆ ಗಾಡಿ ಹೋಗುತ್ತಿದೆ ಎನ್ನುವುದು ಮೈಗೆ ಒಗ್ಗಲು ಸಮಯ ಬೇಕು. ಹಿರಿಯೂರಿನ ಹತ್ತಿರದ ಗುಯಿಲಾಳು ಟೋಲ್ ಬರುವ ಹೊತ್ತಿಗೆ ಒಗ್ಗಿತ್ತು. ಹರಿಹರದಲ್ಲಿ ತುಂಗಭದ್ರೆ ದಾಟುವಾಗ ನಾನು ಮಗಳ ಜೊತೆ ಅವಳ ಪರೀಕ್ಷೆಯ ಬಗ್ಗೆ ಮಾತಾಡುತ್ತಿದ್ದೆ. ಸೋಮವಾರ ಬೆಳಿಗ್ಗೆ ಮೆಟ್ಟಿಲು ಇಳಿಯುವಾಗ ಕಟಕಟೆ ಹಿಡಿಯಲಿಲ್ಲ.

ಅತ್ತೆ ಮೊದಲ ಸಲ ಇದನ್ನು ಕಂಡಿದ್ದು ಬೆಂಗಳೂರಿಗೆ ಬರುವಾಗ. ಹಿಂದಿನ ಸೀಟಿನಿಂದ ಬಗ್ಗಿ ನೋಡಿ, "ಯಾಕವಾ, ಕಾಲ್ ತಗದು ಕುಂತಿ? ಗಾಡಿ ಯಾರ್ ಹೊಡ್ಯಾಕತ್ತಾರ?" ಎಂದರು. "ಗಾಡೀನೇ ಹೋಗ್ತಿದೆ ಅತ್ತೆ, ಸ್ಟೇರಿಂಗ್ ನಾನೇ ಹಿಡಿದಿದೀನಿ ನೋಡಿ" ಎಂದೆ. ಸ್ವಲ್ಪ ಹೊತ್ತು ಏನೂ ಹೇಳಲಿಲ್ಲ. ಶಿರಾದಲ್ಲಿ ಇಳಿದಾಗ ಹೇಳಿದರು, "ಇವತ್ತ ಹೊಟ್ಯಾಗ ತೊಳಸಲಿಲ್ಲ ನೋಡು." ಅವರು ದಾರಿಯುದ್ದಕ್ಕೂ ಕಣ್ಣು ಮುಚ್ಚಿಕೊಂಡೇ ಕೂರುತ್ತಾರೆ. ಕಾಲು ನೋಯುವಾಗ ನಾನು ಪೆಡಲನ್ನು ಒಂದಿಷ್ಟು ಬಿಡುತ್ತಿದ್ದೆ, ಮತ್ತೆ ಒತ್ತುತ್ತಿದ್ದೆ. ಆ ಜಗ್ಗಾಟ ನನಗೆ ಗೊತ್ತಾಗುತ್ತಿರಲಿಲ್ಲ. ಕಣ್ಣು ಮುಚ್ಚಿದವರ ಹೊಟ್ಟೆಗೆ ಗೊತ್ತಾಗುತ್ತಿತ್ತು.

ಕ್ರೂಸ್ ಕಂಡುಹಿಡಿದ ಕಥೆಯೂ ಹೆಚ್ಚುಕಡಿಮೆ ಇದೇ. ಅಮೆರಿಕದ ರಾಲ್ಫ್ ಟೀಟರ್ ಎಂಬ ಎಂಜಿನಿಯರ್ ಐದನೇ ವಯಸ್ಸಿನಲ್ಲಿ ಕಣ್ಣು ಕಳೆದುಕೊಂಡವರು. ಅವರ ವಕೀಲರು ಗಾಡಿ ಓಡಿಸುವಾಗ ತಾವು ಮಾತಾಡಿದರೆ ನಿಧಾನ, ಎದುರಿನವರ ಮಾತು ಕೇಳುವಾಗ ಜೋರು. ಪಕ್ಕದಲ್ಲಿ ಕೂತು ಆ ಜಗ್ಗಾಟ ತಾಳಲಾರದೆ ಟೀಟರ್ ಇದಕ್ಕೆ ಕೈ ಹಾಕಿದರಂತೆ. 1950ರಲ್ಲಿ ಪೇಟೆಂಟ್ ಸಿಕ್ಕಿತು. 1958ರಲ್ಲಿ ಕ್ರೈಸ್ಲರ್ ಗಾಡಿಗಳಲ್ಲಿ ಬಂತು. ಇದನ್ನು ಅತ್ತೆಗೆ ಹೇಳಿದೆ. ತುಂಬಾ ಹೊತ್ತು ಕೇಳಿಸಿಕೊಂಡರು, ಆಮೇಲೆ ಆ ಮನುಷ್ಯನ ತಾಯಿಯ ಬಗ್ಗೆ ಕೇಳಿದರು.

ಈಗ ಎಚ್ಚರಿಕೆಯ ಮಾತು. ಇದು ನಮ್ಮ ರಸ್ತೆ ಎನ್ನುವುದನ್ನು ಮರೆಯಬೇಡಿ. ಮುಂದಿನ ಗಾಡಿ ನೋಡಿ ತಾನೇ ನಿಧಾನ ಮಾಡುವ ಹೊಸ ರೇಡಾರ್ ಕ್ರೂಸ್ ಇದಲ್ಲ. ಇದಕ್ಕೆ ಕಣ್ಣಿಲ್ಲ. ಎದುರಿಗೆ ಎಮ್ಮೆ ನಿಂತಿದ್ದರೂ ಅದು 85ರಲ್ಲೇ ಹೋಗುತ್ತದೆ. ಬ್ರೇಕ್ ಕೂಡ ಹಾಕುವುದಿಲ್ಲ, ಬರೀ ಡೀಸೆಲ್ ಕಡಿಮೆ ಮಾಡುತ್ತದೆ. ಐಮಂಗಲದ ಆಚೆ ಒಂದು ಇಳಿಜಾರಿನಲ್ಲಿ ನಮ್ಮ ಗಾಡಿ ತುಂಬಾ ಜನ, ಡಿಕ್ಕಿ ತುಂಬಾ ಅಕ್ಕಿ ಚೀಲ ಇದ್ದಾಗ 85 ಹೋಗಿ 93 ಆಯಿತು. ಮಳೆಯಲ್ಲಿ ನಾನು ಮುಟ್ಟುವುದೇ ಇಲ್ಲ. ನಿಂತ ನೀರಿನ ಮೇಲೆ ಟೈರ್ ಜಾರಿದಾಗ ಕಾಲಾದರೆ ತಕ್ಷಣ ಎತ್ತುತ್ತದೆ, ಕ್ರೂಸ್ ಎಳೆಯುತ್ತಲೇ ಇರಬಹುದು. ಸುಗ್ಗಿಯ ಕಾಲದಲ್ಲಿ ದಾವಣಗೆರೆಯಿಂದ ಆಚೆ ಮೆಕ್ಕೆಜೋಳದ ಟ್ರ್ಯಾಕ್ಟರುಗಳು ಹಿಂದೆ ಒಂದು ದೀಪವೂ ಇಲ್ಲದೆ ಹೋಗುತ್ತಿರುತ್ತವೆ. ಕತ್ತಲಾದ ಮೇಲೆ ಆ ದಾರಿಯಲ್ಲಿ ಆಫ್. ಊರು ಹತ್ತಿರ ಬಂದು, ಬೈಕಿನವರು ರಾಂಗ್ ಸೈಡಿನಲ್ಲಿ ಬರುವ ಜಾಗಗಳಲ್ಲೂ ಆಫ್. ಒಟ್ಟು 300ರಲ್ಲಿ ನಾನು ಕ್ರೂಸ್ ಬಳಸುವುದು 110, 120 ಕಿಲೋಮೀಟರ್ ಇರಬಹುದು, ಅದೂ ತುಂಡು ತುಂಡಾಗಿ. ನನ್ನ ಮಂಡಿಗೆ ಅಷ್ಟು ಸಾಕು. ಇನ್ನೊಂದು, ನಿದ್ದೆ ಬರುವ ಹಾಗಿದ್ದರೆ ದಯವಿಟ್ಟು ಹಾಕಬೇಡಿ. ಕಾಲಿಗೆ ಕೆಲಸ ಇಲ್ಲದಾಗ ಮಧ್ಯಾಹ್ನದ ತೂಕಡಿಕೆ ಬೇಗ ಬರುತ್ತದೆ. ಊಟ ಆದ ಮೇಲಿನ ಒಂದು ಗಂಟೆ ನಾನು ಕಾಲಿನಿಂದಲೇ ಓಡಿಸುತ್ತೇನೆ.

ಖರ್ಚು ಹೇಳುತ್ತೇನೆ. ಹೊಸ ಸ್ವಿಚ್ 7,800. ವೈರ್, ಪಿನ್, ಟೇಪ್ ಎಲ್ಲ 1,200. ಕೂಲಿ ಮತ್ತು ಕೋಡಿಂಗ್ 4,500. ಕ್ಲಚ್ ಸ್ವಿಚ್ 1,150. ಒಟ್ಟು 14,650 ರೂಪಾಯಿ. ಮೈಲೇಜ್ ಬಗ್ಗೆ ಎಲ್ಲರೂ ಕೇಳುತ್ತಾರೆ. ನಾನು ಟ್ಯಾಂಕ್ ತುಂಬಿಸಿದಾಗಲೆಲ್ಲ ಬರೆದಿಡುತ್ತೇನೆ. ಊರಿನ ದಾರಿಯಲ್ಲಿ ಮೊದಲು 18.4 ಇತ್ತು, ಈಗ 19.2. ಆದರೆ ಮೊದಲು ನಾನು ನೋವಿನಲ್ಲಿ ಬೇಗ ಮನೆ ಸೇರಬೇಕು ಎಂದು 100ರ ಹತ್ತಿರ ಓಡಿಸುತ್ತಿದ್ದೆ, ಈಗ 85. ಲಾಭ ಬಂದದ್ದು ಅಲ್ಲಿಂದಲೇ ಇರಬೇಕು. ಮೈಲೇಜ್‌ಗಾಗಿ ಇದನ್ನು ಹಾಕಿಸಬೇಡಿ.

ಕೊರತೆಗಳೂ ಇವೆ. ಒಂದು ದಿನದ ಕೆಲಸ ಎಂದದ್ದು, ಸ್ವಿಚ್ ತರಿಸುವುದು ಎಲ್ಲ ಸೇರಿ ಮೂರು ವಾರ ಎಳೆಯಿತು. ಮೊದಲು ಬಿಲ್ ಕೊಡಲಿಲ್ಲ. ಇನ್ಶೂರೆನ್ಸ್‌ಗೆ ತಿಳಿಸಿಡಬೇಕು ಎಂದು ಕೇಳಿದ ಮೇಲೆ ಪಾರ್ಟ್ ನಂಬರ್ ಸಮೇತ ಬರೆದುಕೊಟ್ಟರು. ಮೊದಲೇ ಕೊಡಬೇಕಿತ್ತು. ಎರಡು ವಾರದ ನಂತರ ಡ್ಯಾಶ್‌ಬೋರ್ಡ್ ಹಿಂದೆ ಟಕ ಟಕ ಸದ್ದು ಶುರುವಾಯಿತು. ವೈರಿನ ಒಂದು ಕಟ್ಟು ಸಡಿಲವಾಗಿತ್ತು. ಹತ್ತು ನಿಮಿಷದಲ್ಲಿ ಸರಿಮಾಡಿದರು, ಆದರೆ ಅದಕ್ಕಾಗಿ ನಾನು ಪೀಣ್ಯದ ಟ್ರಾಫಿಕ್‌ನಲ್ಲಿ ಅರ್ಧ ದಿನ ಕಳೆದೆ. ಮತ್ತೆ ನನ್ನ ಮೀಟರ್‌ನಲ್ಲಿ ಎಷ್ಟಕ್ಕೆ ಸೆಟ್ ಆಗಿದೆ ಎಂದು ಅಂಕಿ ಕಾಣುವುದಿಲ್ಲ. ಹಸಿರು ಗುರುತು ಮಾತ್ರ. ರೆಸ್ಯೂಮ್ ಒತ್ತುವ ಮೊದಲು ಹಿಂದೆ ಎಷ್ಟಕ್ಕೆ ಇಟ್ಟಿದ್ದೆ ಎನ್ನುವುದು ನೆನಪಿರಬೇಕು. ನೆನಪಿಲ್ಲದಿದ್ದರೆ ನಾನು ಹೊಸದಾಗಿ ಸೆಟ್ ಮಾಡುತ್ತೇನೆ.

ನಿಮ್ಮ ಗಾಡಿಗೆ ಆಗುತ್ತದಾ? ಅದೇ ಇಂಜಿನ್, ಅದೇ ಗೇರ್‌ಬಾಕ್ಸ್, ಅದೇ ವರ್ಷದ ಟಾಪ್ ಮಾಡೆಲ್‌ನಲ್ಲಿ ಕ್ರೂಸ್ ಇದೆಯಾ ಎಂದು ಮೊದಲು ನೋಡಿ. ಇದ್ದರೆ ಆಗುವ ಸಂಭವ ಜಾಸ್ತಿ. ನಮ್ಮ ಆಫೀಸಿನ ಒಬ್ಬರು ತಮ್ಮ ಫೋರ್ಡ್ ಇಕೋಸ್ಪೋರ್ಟ್‌ಗೆ ಸ್ಟೇರಿಂಗ್ ಮೇಲಿನ ಬಟನ್ ಹಾಕಿಸಿ, ಫೋರ್‌ಸ್ಕ್ಯಾನ್ ಎಂಬ ಸಾಫ್ಟ್‌ವೇರ್‌ನಿಂದ ಎಬ್ಬಿಸಿಕೊಂಡರು. ಆಕ್ಸಲರೇಟರ್‌ಗೆ ಕೇಬಲ್ ಇರುವ ಹಳೆಯ ಗಾಡಿ ಆದರೆ ಈ ದಾರಿ ಇಲ್ಲ. ವಾರಂಟಿ ಇನ್ನೂ ಇದ್ದರೆ ಮುಗಿಯುವವರೆಗೆ ಕಾಯಿರಿ. ಊರೊಳಗೇ ಓಡಾಡುವವರಾದರೆ ಸುಮ್ನೆ ಖರ್ಚು. ನನ್ನ ಹಾಗೆ ಉದ್ದ ದಾರಿ, ನೋಯುವ ಕಾಲು ಇದ್ದರೆ ಖಂಡಿತ ಮಾಡಿಸಿ. ಆದರೆ ಮಾಡುವವರ ಹತ್ತಿರ ಹೋದಾಗ ಎಷ್ಟು ರೇಟು ಎಂದು ಕೇಳುವ ಮೊದಲು, ಕ್ಲಚ್ ಸ್ವಿಚ್, ಬ್ರೇಕ್ ಸ್ವಿಚ್ ಲ್ಯಾಪ್‌ಟಾಪಿನಲ್ಲಿ ತೋರಿಸುತ್ತೀರಾ ಎಂದು ಕೇಳಿ. ಅದೇನದು ಎಂದರೆ ಎದ್ದು ಬನ್ನಿ.

ಹೋದ ತಿಂಗಳು ಆಯಿಲ್ ಸರ್ವಿಸ್‌ಗೂ ಅವರ ಹತ್ತಿರವೇ ಹೋದೆ. ನಾನು ಏನೂ ಹೇಳಿರಲಿಲ್ಲ. ಆಯಿಲ್ ಇಳಿಯುತ್ತಿರುವಾಗ ಅವರೇ ಕೇಬಲ್ ಸಿಕ್ಕಿಸಿ, ನನ್ನನ್ನು ಕೂರಿಸಿ, ಬ್ರೇಕ್ ಇಪ್ಪತ್ತು ಸಲ, ಕ್ಲಚ್ ಇಪ್ಪತ್ತು ಸಲ ಒತ್ತಿಸಿದರು. ಎಲ್ಲ ಸರಿ ಇತ್ತು. ಆದರೂ ಬ್ರೇಕ್ ಸ್ವಿಚ್ ಗಾಡಿಯ ಜೊತೆಗೆ ಬಂದದ್ದೇ ಇನ್ನೂ ಇದೆ, ಒಂದೂವರೆ ಲಕ್ಷ ಕಿಲೋಮೀಟರ್ ಆಗುವ ಮೊದಲು ಬದಲಾಯಿಸೋಣ ಎಂದು ಬಿಲ್ಲಿನ ಹಿಂದೆ ಬರೆದುಕೊಟ್ಟರು. ಅದಕ್ಕೆ ದುಡ್ಡು ತೆಗೆದುಕೊಳ್ಳಲಿಲ್ಲ.